ಮಸಿ ಬಳಿದ ಚಿನ್ನದ ತೋಪು: ಕಥೆಯಲ್ಲಿ ಎಷ್ಟು ನಂಬಬಹುದು?

ಪ್ರಶ್ನೆ: ಗಂಗಾವತಿಯಲ್ಲಿ ಕೂತು ಕಾದಂಬರಿ ಬರೆಯುತ್ತಿದ್ದೇನೆ. 1565ರ ಯುದ್ಧದಲ್ಲಿ ವಿಜಯನಗರ ಸೋತ ಸುದ್ದಿ ಬಂದ ಕೂಡಲೇ ಖಜಾನೆಯ ಚಿನ್ನವನ್ನು ಆನೆಗೊಂದಿಯಲ್ಲಿ ಕರಗಿಸಿ ನಾಲ್ಕು ತೋಪು ಎರೆಯುತ್ತಾರೆ. ಮಸಿ ಬಳಿದು, ಎತ್ತಿನ ಬಂಡಿಯ ಮೇಲೆ ರಾಯಚೂರು ಕೋಟೆಗೆ ಸಾಗಿಸುತ್ತಾರೆ. ದಾರಿಯಲ್ಲಿ ಒಂದನ್ನು ಶತ್ರುವಿನ ಮೇಲೆ ಹಾರಿಸುವ ದೃಶ್ಯವೂ ಇದೆ. ಆಮೇಲೆ 450 ವರ್ಷ ಯಾರಿಗೂ ಗೊತ್ತಾಗುವುದಿಲ್ಲ. ಇದು ನಂಬುವಂತಿದೆಯೇ? ಆ ಯುದ್ಧದಲ್ಲಿ ತೋಪಿಗೆ ನಾಣ್ಯ ತುಂಬಿ ಹೊಡೆದರು ಅನ್ನುತ್ತಾರೆ, ಅದು ನಿಜವೇ?

ಉತ್ತರ: ನಿಮ್ಮ ಕಥೆ ಮೊದಲು ಸಿಕ್ಕಿಬೀಳುವುದು ತೂಕದಲ್ಲಿ. ಆಮೇಲೆ ದಿನಗಳ ಲೆಕ್ಕದಲ್ಲಿ, ಕೊನೆಗೆ ದಿಕ್ಕಿನಲ್ಲಿ. ಮೂರನ್ನೂ ಸರಿಪಡಿಸಬಹುದು. ಆದರೆ ಚಿನ್ನದಿಂದಲೇ ತೋಪು ಮಾಡುವ ಆಸೆ ಬಿಡಬೇಕಾಗುತ್ತದೆ.

ಅಳತೆಗೆ ಒಂದು ಸಾಧಾರಣ ತೋಪು ಹಿಡಿಯೋಣ. 19ನೇ ಶತಮಾನದ ಆರಂಭದಲ್ಲಿ ಬ್ರಿಟಿಷ್ ಸೈನ್ಯ ಬಳಸುತ್ತಿದ್ದ ಒಂಬತ್ತು ಪೌಂಡ್ ಗುಂಡಿನ ಕಂಚಿನ ತೋಪು ನಿಮ್ಮ ಕಾಲದ್ದಲ್ಲ. ಆದರೂ ಅದರ ಲೆಕ್ಕ ನಿಖರವಾಗಿ ಸಿಗುತ್ತದೆ: ಉದ್ದ ಸುಮಾರು 1.8 ಮೀಟರ್, ಬಾಯಿಯ ವ್ಯಾಸ 10.7 ಸೆಂ.ಮೀ., ತೂಕ ಸುಮಾರು 685 ಕಿಲೊ. ಕೋಟೆಯ ಬುರುಜಿನ ತೋಪುಗಳ ಮುಂದೆ ಇದು ಮರಿ. ಕಂಚಿನ ಸಾಂದ್ರತೆ 8.8, ಚಿನ್ನದ್ದು 19.3. ಅದೇ ಅಚ್ಚಿಗೆ ಚಿನ್ನ ಎರೆದರೆ ಒಂದೂವರೆ ಟನ್ ಬೇಕು. ಇವತ್ತು ಲಿಂಗಸುಗೂರು ತಾಲ್ಲೂಕಿನ ಹಟ್ಟಿ ಗಣಿಯಲ್ಲಿ ಯಂತ್ರ ಹಚ್ಚಿ ವರ್ಷವಿಡೀ ದುಡಿದರೆ ಸಿಗುವ ಚಿನ್ನವೂ ಹೆಚ್ಚುಕಡಿಮೆ ಅಷ್ಟೇ. ವರಹದ ಲೆಕ್ಕದಲ್ಲಿ ಹೇಳುವುದಾದರೆ, ಒಂದು ವರಹ ಸುಮಾರು 3.4 ಗ್ರಾಂ. ಒಂದು ಮರಿ ತೋಪಿಗೆ ನಾಲ್ಕು ಲಕ್ಷ ನಲವತ್ತು ಸಾವಿರ ವರಹ ಸುರಿಯಬೇಕು. ನಿಮ್ಮದು ನಾಲ್ಕು ತೋಪು.

ಖಜಾನೆಯಲ್ಲಿ ಅಷ್ಟಿತ್ತೇ ಎಂದು ಓದುಗ ಕೇಳಲಾರ. ಸೋತ ರಾಜಮನೆತನದವರು 550 ಆನೆಗಳ ಮೇಲೆ ಸಂಪತ್ತು ಹೇರಿಕೊಂಡು ಹೋದರೆಂಬ ಮಾತು 1900ರಲ್ಲಿ ರಾಬರ್ಟ್ ಸಿವೆಲ್ ಬರೆದ ಮೇಲೆ ಮನೆಮಾತಾಗಿದೆ. ಆದರೆ ಲೆಕ್ಕ ಹಾಕಿ ನೋಡಿ. ದೂರದ ದಾರಿಗೆ ಆನೆಯ ಮೇಲೆ ಅರ್ಧ ಟನ್ ಹೇರಿದರೆ ಹೆಚ್ಚು. 550 ಆನೆಗೆ 275 ಟನ್. ಅದೆಲ್ಲ ಚಿನ್ನವೇ ಆಗಿದ್ದರೆ ಹಟ್ಟಿಯ 180 ವರ್ಷಗಳ ಉತ್ಪಾದನೆ! ಆನೆಗಳ ಸಂಖ್ಯೆ ನಿಜವೇ ಇದ್ದರೂ ಅವುಗಳ ಬೆನ್ನ ಮೇಲೆ ಬೆಳ್ಳಿ, ರತ್ನ, ಪಟ್ಟೆಪೀತಾಂಬರ, ಪಾತ್ರೆಪಗಡೆ, ಆಯುಧ ಎಲ್ಲ ಇರಲೇಬೇಕು.

ಇನ್ನು ಎರಕ. ಇಲ್ಲಿ ಒಂದು ವಿಚಿತ್ರವಿದೆ. ಚಿನ್ನ 1064 ಡಿಗ್ರಿಯಲ್ಲಿ ಕರಗುತ್ತದೆ, ತೋಪಿನ ಕಂಚು ಸುಮಾರು 1000 ಡಿಗ್ರಿಯಲ್ಲಿ. ಆದರೂ ಅಷ್ಟೇ ಗಾತ್ರದ ತೋಪಿಗೆ ಬೇಕಾಗುವ ಒಟ್ಟು ಶಾಖ ಚಿನ್ನಕ್ಕೇ ಕಡಿಮೆ, ಕಂಚಿನದರ ಸುಮಾರು ಮುಕ್ಕಾಲು ಪಾಲು. ಚಿನ್ನ ಬೇಗ ಕಾಯುವ ಲೋಹ. ಹಾಗಾಗಿ ಇದ್ದಿಲಿಗೆ, ತಿದಿಗೆ ಕೊರತೆಯಿಲ್ಲ. ತೊಡಕು ಮೂಸೆಯಲ್ಲಿದೆ. ಇಪ್ಪತ್ತು ಕಿಲೊ ಚಿನ್ನ ಒಂದು ತಂಬಿಗೆಯಲ್ಲಿ ಹಿಡಿಸುತ್ತದೆ. ಕೆಂಪಗೆ ಕಾದ ಮಣ್ಣಿನ ಮೂಸೆಯಲ್ಲಿ ಅದಕ್ಕಿಂತ ಹೆಚ್ಚು ಎತ್ತಿದರೆ ತಳ ಕಳಚುತ್ತದೆ. ಒಂದೂವರೆ ಟನ್ನಿಗೆ ಎಪ್ಪತ್ತೈದು ಮೂಸೆ. ಒಂದರ ಹಿಂದೊಂದು ಎರೆಯುತ್ತ ಹೋದರೆ ಮೊದಲು ಬಿದ್ದದ್ದು ಹೆಪ್ಪುಗಟ್ಟಿ, ಮೇಲೆ ಬಿದ್ದದ್ದು ಅದಕ್ಕೆ ಬೆಸೆಯುವುದಿಲ್ಲ. ಪದರ ಬಿದ್ದ ತೋಪು ಪದರದಲ್ಲೇ ಬಿರಿಯುತ್ತದೆ. ಆದ್ದರಿಂದ ಎಲ್ಲ ಲೋಹವೂ ಒಂದೇ ಕುಲುಮೆಯಲ್ಲಿ ಕರಗಿ, ಅಡಿಯ ತೂತು ಬಿಚ್ಚಿದೊಡನೆ ಕಾಲುವೆಯಲ್ಲಿ ಹರಿದು, ನಿಲ್ಲದೆ ಅಚ್ಚಿಗೆ ಇಳಿಯಬೇಕು.

ಆ ಅಚ್ಚೂ ಸಾಮಾನ್ಯದ್ದಲ್ಲ. ಮರದ ಕದಿರಿಗೆ ಹುರಿಹಗ್ಗ ಸುತ್ತಿ, ಕುದುರೆ ಲದ್ದಿ ಮತ್ತು ದನದ ಕೂದಲು ಕಲಸಿದ ಜೇಡಿಮಣ್ಣನ್ನು ಪದರ ಪದರವಾಗಿ ಮೆತ್ತಿ, ಮೊದಲು ಮಣ್ಣಿನಲ್ಲೇ ತೋಪಿನ ಆಕಾರ ಮಾಡುತ್ತಾರೆ. ಅದಕ್ಕೆ ಕೊಬ್ಬು ಸವರಿ ಮೇಲೆ ಇನ್ನೊಂದು ದಪ್ಪ ಕವಚ, ಅದರ ಮೇಲೆ ಕಬ್ಬಿಣದ ಪಟ್ಟಿ ಕಟ್ಟಿ ಒಳಗಿನದನ್ನು ಒಡೆದು ತೆಗೆಯುತ್ತಾರೆ. ನಡುವೆ ತೋಪಿನ ಕೊಳವೆಯಷ್ಟು ಗಾತ್ರದ ಮಣ್ಣಿನ ತಿರುಳು, ಅದರೊಳಗೆ ಕಬ್ಬಿಣದ ಸಲಾಕೆ. ಆಮೇಲೆ ಒಣಗಿಸುವುದು, ಸುಡುವುದು, ಗುಂಡಿಯಲ್ಲಿ ಬುಡ ಕೆಳಗೆ ಮಾಡಿ ನಿಲ್ಲಿಸಿ ಸುತ್ತ ಮಣ್ಣು ಬಡಿದು ಗಟ್ಟಿಮಾಡುವುದು. ಒಳಗೆ ಒಂದಿಷ್ಟು ತೇವ ಉಳಿದರೂ ಲೋಹ ಬಿದ್ದ ಕ್ಷಣ ಅದು ಹಬೆಯಾಗಿ, ಕುದಿಯುವ ಲೋಹವನ್ನು ಎರೆಯುವವರ ಮುಖಕ್ಕೇ ಎರಚುತ್ತದೆ. ಅದಕ್ಕೇ ಒಣಗಿಸುವ ಕೆಲಸಕ್ಕೆ ವಾರಗಟ್ಟಲೆ ಬೇಕು.

ಈ ಅಚ್ಚಿಗೆ ಚಿನ್ನ ಬಿದ್ದರೆ ಏನಾಗುತ್ತದೆ? ಕರಗಿದ ಚಿನ್ನದ ಸಾಂದ್ರತೆ 17ರ ಮೇಲಿದೆ. ಎರಡು ಮೀಟರ್ ಎತ್ತರದ ಅಚ್ಚಿನ ತಳದಲ್ಲಿ ಅದರ ಒತ್ತಡ ಪ್ರತಿ ಚದರ ಸೆಂ.ಮೀ.ಗೆ ಸುಮಾರು ಮೂರೂವರೆ ಕಿಲೊ, ಕಂಚಿನ ಇಮ್ಮಡಿಗಿಂತ ಹೆಚ್ಚು. ಕಂಚಿಗೆಂದು ಕಟ್ಟಿದ ಅಚ್ಚು ತಳದಲ್ಲಿ ಬಾಯಿಬಿಡುತ್ತದೆ. ಅದು ತಡೆದರೂ ನಡುವಿನ ತಿರುಳಿನ ಪಾಡು ಕೇಳಬೇಡಿ. ನೀರಿನಲ್ಲಿ ಬೆಂಡು ತೇಲುವಂತೆ ಆ ತಿರುಳನ್ನು ಲೋಹ ಮೇಲಕ್ಕೆ ಒತ್ತುತ್ತದೆ. ಕಂಚಿನಲ್ಲಿ ಆ ಒತ್ತು ಸುಮಾರು 115 ಕಿಲೊ ಇದ್ದರೆ ಚಿನ್ನದಲ್ಲಿ 250 ಕಿಲೊ. ತಿರುಳು ಒಂದು ಬೆರಳಷ್ಟು ಪಕ್ಕಕ್ಕೆ ಸರಿದರೂ ಗೋಡೆ ಒಂದು ಕಡೆ ದಪ್ಪ, ಇನ್ನೊಂದು ಕಡೆ ತೆಳು. ಕಂಚಿನ ಕೆಲಸದಲ್ಲಿ ನುರಿತ ಎರಕದವನೂ ಚಿನ್ನದಲ್ಲಿ ಮೊದಲ ಸಲ ಎಡವುವುದು ಇಲ್ಲೇ. ನಿಮ್ಮ ಕಾದಂಬರಿಯಲ್ಲಿ ಎರಕದ ದೃಶ್ಯ ಉಳಿಸಿಕೊಳ್ಳುವುದಾದರೆ ಈ ಎಡವಟ್ಟನ್ನೇ ಬರೆಯಿರಿ. ಆಮೇಲೆ ಮಣ್ಣಿಗೆ ಇಂಗಿದ ಚಿನ್ನವನ್ನು ತೊಳೆದು ತೆಗೆಯಲು ಜಲಗಾರರನ್ನು ಕರೆಸಬೇಕಾಗುತ್ತದೆ. ಅವರು ಬಂದರೆ ಗುಟ್ಟು ಊರಿಗೇ ಗೊತ್ತಾಗುತ್ತದೆ.

ಹಾರಿಸುವ ದೃಶ್ಯವನ್ನು ಮಾತ್ರ ತೆಗೆದುಬಿಡಿ. ಮೆತ್ತಗಿನ ಶುದ್ಧ ಚಿನ್ನವನ್ನು ಎಳೆದರೆ ಸುಮಾರು 120 ಮೆಗಾಪಾಸ್ಕಲ್‌ನಲ್ಲಿ ತುಂಡಾಗುತ್ತದೆ. ಅದಕ್ಕೆ ಬಹಳ ಮೊದಲೇ ಹಿಗ್ಗಲು ಶುರುಮಾಡಿರುತ್ತದೆ. ತೋಪಿನ ಕಂಚು ಅದರ ಇಮ್ಮಡಿ ತಡೆಯುತ್ತದೆ. ಚಿನ್ನದ ತೋಪಿಗೆ ಪೂರ್ತಿ ಮದ್ದು ತುಂಬಿ ಹಾರಿಸಿದರೆ ಬುಡ ಊದಿಕೊಂಡು, ಬತ್ತಿ ಇಡುವ ಕಿಂಡಿ ಅಗಲವಾಗಿ, ಮುಂದಿನ ಸಲ ಗುಂಡು ಕೊಳವೆಯಲ್ಲಿ ಸಡಿಲಾಗಿ ಉರುಳಾಡುತ್ತದೆ. ತಾಮ್ರ ಬೆರೆಸಿದರೆ ಬಲ ಬರುತ್ತದೆ ಅನ್ನಬಹುದು, ನಿಜ. ಆಗ ಹೊಳಪು ಕೆಂಪಗಾಗುತ್ತದೆ, ನಿಮ್ಮ ಖಜಾಂಚಿ ತನ್ನ ಚಿನ್ನವನ್ನು ತಾನೇ ಕೆಡಿಸಿದಂತಾಗುತ್ತದೆ. ಚಿನ್ನದ ಗುಂಡಿನ ಯೋಚನೆಯೂ ಬೇಡ. ನಾಲ್ಕು ಕಿಲೊ ಕಬ್ಬಿಣದ ಗುಂಡಿನಷ್ಟೇ ಗಾತ್ರದ ಚಿನ್ನದ ಗುಂಡು ಹನ್ನೊಂದು ಕಿಲೊ ತೂಗುತ್ತದೆ. ಅದನ್ನು ತಳ್ಳುವ ಹೊತ್ತಿಗೆ ತೋಪಿನೊಳಗಿನ ಒತ್ತಡ ಏರಿ ತೋಪೇ ಒಡೆದೀತು.

ಚಿನ್ನದ ತೋಪು ಲೋಕದಲ್ಲಿ ಇರಲೇ ಇಲ್ಲ ಅಂತಲ್ಲ. ಬಡೋದೆಯ ಗಾಯಕವಾಡರ ಬಳಿ ಚಿನ್ನದ, ಬೆಳ್ಳಿಯ ತೋಪುಗಳಿದ್ದವು. ಅವು ಮೆರವಣಿಗೆಗೆ ಮತ್ತು ಸಲಾಮಿಗೆ. ಡಚ್ಚರು 2023ರಲ್ಲಿ ಶ್ರೀಲಂಕಾಕ್ಕೆ ಹಿಂದಿರುಗಿಸಿದ ಕ್ಯಾಂಡಿಯ ತೋಪಿನ ಮೇಲೆ ಚಿನ್ನ, ಬೆಳ್ಳಿ, ಕೆಂಪು ಹರಳುಗಳ ಕೆಲಸವಿದೆ. ಅದರ ಕೊಳವೆ ಕಂಚಿನದೇ. ವಿಜಯಪುರದ ಮಲಿಕ್-ಎ-ಮೈದಾನ್ ಪಂಚಲೋಹದ್ದು, ಅದರಲ್ಲಿ ಚಿನ್ನವೂ ಬಿದ್ದಿದೆ ಎಂದು ಜನ ಹೇಳುತ್ತಾರೆ. 1549ರಲ್ಲಿ ಅಹಮದ್‌ನಗರದಲ್ಲಿ ಮಹಮ್ಮದ್ ಬಿನ್ ಹುಸೇನ್ ರೂಮಿ ಎರೆದ ಆ ತೋಪಿನಲ್ಲಿರುವುದು ನಾಲ್ಕು ಪಾಲು ತಾಮ್ರ, ಒಂದು ಪಾಲು ತವರ. ಅದು ಗಂಟೆಯ ಲೋಹ. ಅದಕ್ಕೇ ತಟ್ಟಿದರೆ ಗಂಟೆಯಂತೆ ನಾದ ಬಿಡುತ್ತದೆ. ಚಿನ್ನದ ತೋಪನ್ನು ತಟ್ಟಿ ನೋಡಿ, ಧಪ್ ಅನ್ನುತ್ತದೆ ಅಷ್ಟೆ. ಮಸಿ ಬಳಿದ ತೋಪಿನ ಗುಟ್ಟನ್ನು ಕಾವಲುಗಾರನೊಬ್ಬ ಬೆತ್ತದಿಂದ ತಟ್ಟಿಯೇ ಹಿಡಿಯಬಲ್ಲ.

ನಿಮ್ಮ ಎರಡನೇ ಪ್ರಶ್ನೆಗೂ ಇಲ್ಲೇ ಉತ್ತರಿಸುತ್ತೇನೆ. 1565ರ ಯುದ್ಧದಲ್ಲಿ ಸುಲ್ತಾನರ ಕಡೆಯ ರೂಮಿ ಖಾನ್ ತೋಪುಗಳಿಗೆ ನಾಣ್ಯದ ಚೀಲ ತುಂಬಿ ಹತ್ತಿರದಿಂದ ಹೊಡೆಸಿದ ಎಂದು ಬರೆದವನು ಫರಿಶ್ತಾ. ವಿಜಯಪುರದ ಆಸ್ಥಾನದಲ್ಲಿದ್ದವನು, ಯುದ್ಧ ಕಳೆದು ಸುಮಾರು ನಾಲ್ಕು ದಶಕದ ಮೇಲೆ ಬರೆದವನು. ಅವನು ಹೇಳುವುದು ತಾಮ್ರದ ನಾಣ್ಯ, ಹೊನ್ನಲ್ಲ. ಕೆಲಸದ ಮಟ್ಟಿಗೆ ಮಾತು ಸರಿಯಾಗಿಯೇ ಇದೆ. ಸಣ್ಣ ಲೋಹದ ತುಂಡುಗಳನ್ನು ಚೀಲದಲ್ಲಿ ಕಟ್ಟಿ ಹಾರಿಸಿದರೆ ಬಾಯಿ ದಾಟಿದ ಕೂಡಲೇ ಚೀಲ ಹರಿದು ಬೀಸಣಿಗೆಯಂತೆ ಹರಡುತ್ತವೆ. ಚಪ್ಪಟೆ ನಾಣ್ಯಕ್ಕೆ ಗಾಳಿಯ ತಡೆ ಹೆಚ್ಚು, ದೂರ ಹೋಗದು. ಒತ್ತಾಗಿ ನುಗ್ಗಿ ಬರುವ ದಂಡಿನ ಮೇಲೆ ಆ ಸಮೀಪವೇ ಸಾಕು. ಬಿಡಿಬಿಡಿಯಾಗಿ ಸುರಿದರೆ ಕೊಳವೆ ಗೀರುತ್ತದೆ, ಅದಕ್ಕೆ ಚೀಲ.

ಇನ್ನು ದಿನ ಮತ್ತು ದಿಕ್ಕು. ಯುದ್ಧ ನಡೆದದ್ದು 1565ರ ಜನವರಿ 23ಕ್ಕೆ. ಸೋಲಿನ ಸುದ್ದಿ ಬಂದ ಕೆಲವೇ ದಿನದಲ್ಲಿ ಶತ್ರು ಪಟ್ಟಣದ ಬಾಗಿಲಲ್ಲಿದ್ದ. ವಾರಗಟ್ಟಲೆ ಒಣಗಬೇಕಾದ ಅಚ್ಚಿಗೆ ಪುರುಸೊತ್ತೆಲ್ಲಿ? ಉಳಿದವರು ಓಡಿದ್ದು ದಕ್ಷಿಣಕ್ಕೆ, ಪೆನುಕೊಂಡೆಗೆ. ನೀವು ಚಿನ್ನವನ್ನು ಉತ್ತರಕ್ಕೆ, ಗೆದ್ದವರ ಬಾಯಿಗೇ ಕಳಿಸುತ್ತಿದ್ದೀರಿ. ಆ ಸೋಲಿನ ಮೇಲೆ ರಾಯಚೂರು ಆದಿಲಶಾಹಿಗಳ ಕೈ ಸೇರಿತು. ಬಂಡಿಗಳು ರಾಯದುರ್ಗದ ಕಡೆಗೆ ಹೊರಟರೆ ಭೂಗೋಳ ಸರಿಹೋಗುತ್ತದೆ. ರಾಯಚೂರೇ ಬೇಕೆಂದರೆ ಕಥೆಯನ್ನು 45 ವರ್ಷ ಹಿಂದಕ್ಕೆ ತನ್ನಿ. ಚಿನ್ನವೂ ತೋಪೂ ನಿಜವಾಗಿ ಕೂಡಿದ್ದು ಅಲ್ಲಿ, 1520ರಲ್ಲಿ. ಯಾರೂ ಕಲ್ಪಿಸಬೇಕಾಗಿಲ್ಲದಷ್ಟು ಸೊಗಸಾಗಿ ಕೂಡಿವೆ.

ಜಗಳ ಹುಟ್ಟಿದ್ದೇ ಹೊನ್ನಿನಿಂದ. ಕೃಷ್ಣದೇವರಾಯ ಗೋವೆಯಲ್ಲಿ ಕುದುರೆ ಕೊಳ್ಳಲು ಸೈಯದ್ ಮರೈಕಾರ್ ಎಂಬ ವ್ಯಾಪಾರಿಯ ಕೈಗೆ 40,000 ಪರ್ದಾವ್, ಅಂದರೆ ವರಹ, ಕೊಟ್ಟು ಕಳಿಸಿದ. ಅವನು ಹಣ ಸಮೇತ ಆದಿಲಶಾಹಿಯ ಕಡೆ ಸೇರಿಕೊಂಡ. ಅದೇ ನೆಪವಾಗಿ ರಾಯ ದಂಡೆತ್ತಿ ಬಂದ. ಇದನ್ನೆಲ್ಲ ಬರೆದವನು ಪೋರ್ಚುಗೀಸ್ ಕುದುರೆ ವ್ಯಾಪಾರಿ ಫೆರ್ನಾವೊ ನೂನಿಜ್, ಘಟನೆ ಕಳೆದು ಸುಮಾರು ಹದಿನೈದು ವರ್ಷದ ಮೇಲೆ. ಅವನ ಸೈನ್ಯದ ಸಂಖ್ಯೆಗಳನ್ನು ನಾನು ನೆಚ್ಚುವುದಿಲ್ಲ, ಕೆಲಸದ ವಿವರಗಳನ್ನು ನೆಚ್ಚುತ್ತೇನೆ. ರಾಯಚೂರು ಕೋಟೆಯಲ್ಲಿ 200 ದೊಡ್ಡ ತೋಪುಗಳಿದ್ದವು ಅನ್ನುತ್ತಾನೆ. ರಾಯನ ಕಡೆಯವರು ಗೋಡೆಗೆ ತೋಪು ಹಚ್ಚಲಿಲ್ಲ. ಹಾರೆ, ಗುದ್ದಲಿ ಹಿಡಿದು ಗೋಡೆಯ ಬುಡಕ್ಕೇ ನುಗ್ಗಿದರು. ಸಿಪಾಯಿಗಳು ಹಿಂಜರಿದಾಗ ನಾಯಕರು ಕಿತ್ತು ತಂದ ಕಲ್ಲುಗಳನ್ನು ದುಡ್ಡು ಕೊಟ್ಟು ಕೊಳ್ಳತೊಡಗಿದರು. ಕಲ್ಲಿನ ಗಾತ್ರ ನೋಡಿ 10, 20, 30, 40, 50 ಹಣ. ಹತ್ತು ಹಣಕ್ಕೆ ಒಂದು ವರಹ. ಒಂದು ದೊಡ್ಡ ಕಲ್ಲಿಗೆ ಐದು ವರಹ, ಹದಿನೇಳು ಗ್ರಾಂ ಚಿನ್ನ! ಮೇಲಿನಿಂದ ಗುಂಡು ಬೀಳುತ್ತಿರುವಾಗ, ಬಗಲಲ್ಲಿ ಕಲ್ಲು ಅವುಚಿಕೊಂಡು ಓಡಿಬಂದು ತಕ್ಕಡಿಯವನ ಮುಂದೆ ಚೌಕಾಸಿಗೆ ನಿಂತ ಆಳು. ನಿಮ್ಮ ಮಸಿ ಬಳಿದ ನಾಲ್ಕು ತೋಪಿಗಿಂತ ಈ ಒಬ್ಬ ಆಳು ದೊಡ್ಡ ಪಾತ್ರ ಎಂಬುದು ನನ್ನ ಅನಿಸಿಕೆ. ಕೊನೆಗೆ ಕ್ರಿಸ್ಟೊವಾವೊ ಡಿ ಫಿಗೈರೆಡೊ ಎಂಬ ಪೋರ್ಚುಗೀಸನ ಬಂದೂಕಿನವರು ಗೋಡೆಯ ಮೇಲಿನವರನ್ನು ಗುರಿಯಿಟ್ಟು ಉರುಳಿಸಿದ ಮೇಲೆ ಕಲ್ಲು ಕೀಳುವುದು ಸಲೀಸಾಯಿತು. ಅದಕ್ಕೂ ಮುಂಚೆ, ಮೇ 19ರ ಬಯಲು ಯುದ್ಧದಲ್ಲಿ ಆದಿಲಶಾಹಿಯಿಂದ ರಾಯನಿಗೆ ಸಿಕ್ಕಿದ ದೊಡ್ಡ ತೋಪುಗಳು ನೂನಿಜ್‌ನ ಲೆಕ್ಕದಲ್ಲಿ 400.

ಆ 40,000 ವರಹದ ತೂಕ 136 ಕಿಲೊ. ಇದನ್ನು ನೆನಪಿಡಿ, ಈಗ ಬೇಕಾಗುತ್ತದೆ.

ಚಿನ್ನವನ್ನು ತೋಪಿನಲ್ಲಿ ಬಚ್ಚಿಡಲೇಬೇಕೆಂದರೆ ಹೊಟ್ಟೆಯಲ್ಲಿ ಬಚ್ಚಿಡಿ, ಅದೂ ಕಬ್ಬಿಣದ ತೋಪಿನ ಹೊಟ್ಟೆಯಲ್ಲಿ. ಕಂಚಿನ ತೋಪು ಗೆದ್ದವನಿಗೆ ಕರಗಿಸಿ ಮಾರುವ ಸರಕು. ಅದು ಒಂದೆಡೆ ಉಳಿಯುವುದೇ ಅಪರೂಪ. ಕಬ್ಬಿಣದ ಪಟ್ಟಿಗಳನ್ನು ಉದ್ದಕ್ಕೆ ಜೋಡಿಸಿ, ಕಾಯಿಸಿದ ಬಳೆಗಳನ್ನು ಮೇಲೆ ತೊಡಿಸಿ, ಬಡಿದು ಮಾಡಿದ ಹಳೇ ತೋಪನ್ನು ಕರಗಿಸುವ ಕುಲುಮೆ ಆ ಕಾಲದಲ್ಲಿ ಇರಲಿಲ್ಲ. ಹೊತ್ತೊಯ್ಯುವುದೂ ತ್ರಾಸ. ರಾಯಚೂರು ಬೆಟ್ಟದ ನೆತ್ತಿಯ ಮೇಲೆ ಇಪ್ಪತ್ತು ಅಡಿಯ ಉದ್ದನೆಯ ಕಬ್ಬಿಣದ ತೋಪು ಇವತ್ತಿಗೂ ಬಿಸಿಲಿಗೆ ಬಿದ್ದಿರುವುದು ಅದಕ್ಕೇ.

ಮೂರು ಮೀಟರ್ ಉದ್ದದ, ಎರಡು ಟನ್ನಿನ ಕಬ್ಬಿಣದ ತೋಪು ತೆಗೆದುಕೊಳ್ಳಿ. ಕೊಳವೆಯ ಅಗಲ ಮೊದಲಿನಂತೆ 10.7 ಸೆಂ.ಮೀ. ಬುಡದಿಂದ 1.4 ಮೀಟರ್ ತುಂಬಿದರೆ ಗಟ್ಟಿ ಸಲಾಕೆಗಳಲ್ಲಿ 243 ಕಿಲೊ ಹಿಡಿಸುತ್ತದೆ. ನಾಣ್ಯ ಸುರಿದರೆ ನಡುವೆ ಸಂದಿ ಉಳಿಯುತ್ತದೆ, ನೂರಕ್ಕೆ ಅರವತ್ತು ಪಾಲು ಲೋಹ, ಸುಮಾರು 145 ಕಿಲೊ. ಅಂದರೆ ಕುದುರೆಗೆಂದು ಕೊಟ್ಟ ಆ 40,000 ವರಹ ಒಂದೇ ತೋಪಿನ ಹೊಟ್ಟೆಯಲ್ಲಿ ಹೆಚ್ಚುಕಡಿಮೆ ಅಚ್ಚುಕಟ್ಟಾಗಿ ಕೂರುತ್ತದೆ. ಎರಡು ಟನ್ನಿನ ಸಾಮಾನಿಗೆ ಇಷ್ಟು ಕೂಡಿದರೆ ಎತ್ತಿಗೂ ಗೊತ್ತಾಗದು, ಬಂಡಿಯವನಿಗೂ ಗೊತ್ತಾಗದು. ಕೆಲಸ ಒಂದೇ ರಾತ್ರಿಯದು, ಎರಕದವನೂ ಬೇಡ.

ಹೇಗೆ ತುಂಬಬೇಕು ಅನ್ನುವುದರಲ್ಲಿ ಎಡವಬೇಡಿ. ಮೊದಲು ಬತ್ತಿಯ ಕಿಂಡಿಗೆ ಉಕ್ಕಿನ ಮೊಳೆ ಬಡಿದು ಮುರಿದುಹಾಕಬೇಕು. ಇಲ್ಲದಿದ್ದರೆ ಮುಂದೆಂದೋ ಯಾರಾದರೂ ಆ ಕಿಂಡಿಯಲ್ಲಿ ಕಡ್ಡಿ ಆಡಿಸಿದರೆ ತುದಿಗೆ ಹಳದಿ ಹತ್ತುತ್ತದೆ. ಬುಡದಲ್ಲಿ ಹಳೆಯ ಮದ್ದು ಉಳಿದಿದ್ದರೆ ಅದೂ ಅಪಾಯ. ಮೊಳೆ ಬಡಿದ ತೋಪು ಕೆಟ್ಟ ತೋಪು, ಯಾರೂ ಮುಟ್ಟುವುದಿಲ್ಲ. ನಾಣ್ಯಗಳ ನಡುವೆ ಕರಗಿಸಿದ ಮೇಣ ಸುರಿಯಬೇಕು, ಇಲ್ಲವಾದರೆ ಎರೆಭೂಮಿಯ ಜನವರಿಯ ಬಿರುಕುಗಳಲ್ಲಿ ಬಂಡಿ ಕುಲುಕಿದಾಗಲೆಲ್ಲ ತೋಪು ಗೆಜ್ಜೆ ಕಟ್ಟಿದಂತೆ ಗಲಗಲ ಅನ್ನುತ್ತದೆ. ಅದರ ಮೇಲೆ ಒಂದು ಗೇಣು ಒಣ ಜೇಡಿಮಣ್ಣು ಬಡಿದು, ಕೊನೆಗೆ ಸೀಸ ಎರೆದು ಬಿರಡೆ ಹಾಕಬೇಕು. ನಡುವಿನ ಮಣ್ಣನ್ನು ಮರೆತು ಸೀಸವನ್ನು ನೇರ ಚಿನ್ನದ ಮೇಲೆ ಸುರಿದರೆ ಕೆಟ್ಟಿರಿ. ಬಿಸಿ ಸೀಸ ಚಿನ್ನವನ್ನು ತಿನ್ನುತ್ತದೆ. ಎರಡೂ ಸೇರಿದ ಮಿಶ್ರಣ ಸುಮಾರು 215 ಡಿಗ್ರಿಗೇ ಕರಗುವಂಥದ್ದು, ಆರಿದ ಮೇಲೆ ಬೆಲ್ಲದ ಅಚ್ಚಿನಂತೆ ಪುಡಿಯಾಗುವಂಥದ್ದು. ಅಕ್ಕಸಾಲಿಗರು ಸೀಸದ ಹೆಸರು ಕೇಳಿದರೆ ಕುಲುಮೆಯಿಂದ ದೂರ ಇಡುವುದು ಇದೇ ಕಾರಣಕ್ಕೆ.

ನಂತರದ ಶತಮಾನಗಳಲ್ಲಿ ಒಂದು ಗಂಡಾಂತರವಿದೆ, ಅದನ್ನು ಬಳಸಿಕೊಳ್ಳಿ. 1790-91ರಲ್ಲಿ ಕಂಪನಿಯವರೂ ನಿಜಾಮನವರೂ ಟಿಪ್ಪುವಿನ ಕೊಪ್ಪಳ ಕೋಟೆಗೆ ತಿಂಗಳುಗಟ್ಟಲೆ ಮುತ್ತಿಗೆ ಹಾಕಿದ್ದರು. ಇಂಥ ಕೋಟೆ ಕೈಗೆ ಬಂದರೆ ಕಂಪನಿಯವರು ತೋಪುಗಳನ್ನು ಒಂದೊಂದಾಗಿ ಎಣಿಸಿ ಪಟ್ಟಿ ಮಾಡುತ್ತಿದ್ದರು: ಕಂಚಿನದೆಷ್ಟು, ಕಬ್ಬಿಣದ್ದೆಷ್ಟು, ಹಾರುವುದೆಷ್ಟು, ಕೆಟ್ಟದ್ದೆಷ್ಟು. ನಿಮ್ಮ ತೋಪು ‘ಕಬ್ಬಿಣ, ಕೆಟ್ಟದ್ದು’ ಎಂಬ ಕಾಲಮ್ಮಿನಲ್ಲಿ ಬರೆದುಕೊಂಡು ಪಾರಾಗಬೇಕು.

ಈ ಕಾಲದ ನಾಯಕ ಅದನ್ನು ಪತ್ತೆಹಚ್ಚುವ ಬಗೆಯಲ್ಲಿ ತಂತ್ರಜ್ಞಾನ ಹೆಚ್ಚು ಬೇಡ. ಮೆಟಲ್ ಡಿಟೆಕ್ಟರ್ ಇಲ್ಲಿ ಕೆಲಸಕ್ಕೆ ಬಾರದು, ಸುತ್ತ ಇರುವುದೇ ಕಬ್ಬಿಣ. ಉದ್ದ ಮತ್ತು ಸುತ್ತಳತೆ ತೆಗೆದು ತೂಕ ಅಂದಾಜಿಸಿ, ಕ್ರೇನಿಗೆ ತೂಗುಹಾಕಿದಾಗ ನೂರೈವತ್ತು ಕಿಲೊ ಹೆಚ್ಚು ಬಂದರೆ ಅನುಮಾನಕ್ಕೆ ಸಾಕು. ಆದರೆ ಅವನು ತಾನೇ ಹಾರೆ ಹಿಡಿಯಕೂಡದು. ಸಂರಕ್ಷಿತ ಸ್ಮಾರಕ ಮುಟ್ಟಿದರೆ ಅದೇ ಅಪರಾಧ. ಅದರ ಮೇಲೆ ಕರ್ನಾಟಕದಲ್ಲಿ 1962ರ ನಿಧಿ ಕಾಯ್ದೆ ಇದೆ. ಹೂತ ಸಂಪತ್ತು ಸಿಕ್ಕರೆ ಜಿಲ್ಲಾಧಿಕಾರಿಗೆ ತಿಳಿಸಲೇಬೇಕು. ನಿಧಿಯ ಆಸೆಗೆ ಹಂಪಿಯ ಸುತ್ತಮುತ್ತ ಗುಡಿಗಳನ್ನು ಅಗೆದವರು ಕಡಿಮೆಯಿಲ್ಲ. ನಿಮ್ಮ ನಾಯಕ ಅವರ ಸಾಲಿಗೆ ಸೇರದಿರಲಿ. (ಚಿನ್ನ ಹುಡುಕುತ್ತ ಹೋಗಿ ಬೇರೇನೋ ಪಡೆದವರೂ ಇದ್ದಾರೆ. 1915ರಲ್ಲಿ ನಿಜಾಮನ ಗಣಿ ಎಂಜಿನಿಯರ್ ಸಿ. ಬೀಡನ್ ಕಣ್ಣಿಗೆ ಮಸ್ಕಿಯಲ್ಲಿ ಬಿದ್ದದ್ದು ಅಶೋಕನ ಹೆಸರಿದ್ದ ಶಾಸನ.)

ಅನುಮತಿ ಪಡೆದು ಬಿರಡೆ ಕೊರೆಯುವ ದೃಶ್ಯ ಬರೆಯುವಾಗ ಬಣ್ಣಗಳು ಹೀಗೆ ಬರಲಿ. ಮೊದಲು ಬಾಯಲ್ಲಿ ಸೇರಿದ ತುಕ್ಕು, ಕಾಫಿಪುಡಿಯಂತೆ ಉದುರುತ್ತದೆ. ಆಮೇಲೆ ಸೀಸ. ಹೊರಗೆ ಬೂದಿಬಣ್ಣ, ಕೊರೆದ ಜಾಗದಲ್ಲಿ ಬೆಳ್ಳಿಯ ಹೊಳಪು, ಗಂಟೆಗಳಲ್ಲೇ ಮಂಕಾಗುತ್ತದೆ. ಆಮೇಲೆ ಒಂದು ಗೇಣು ಮಣ್ಣು, ಡ್ರಿಲ್ ಸಲೀಸಾಗಿ ಜಾರುತ್ತದೆ. ಮೇಣ ಬಂದೊಡನೆ ಸುಟ್ಟ ವಾಸನೆ. ಅದರಾಚೆಗೆ ಬಿಟ್ ಸಿಕ್ಕಿಕೊಳ್ಳುತ್ತದೆ. ಕಬ್ಬಿಣದಂತೆ ಕಿರುಚುವುದಿಲ್ಲ, ಕಿಡಿ ಹಾರುವುದಿಲ್ಲ. ಹೊರಗೆಳೆದರೆ ಅದರ ಸುರುಳಿ ತೋಡಿನಲ್ಲಿ ಹಲಸಿನ ಮೇಣದಂತೆ ಅಂಟಿಕೊಂಡ ಹಳದಿ ಎಳೆ, ಉಗುರಿನಿಂದ ಬಿಡಿಸಿದರೆ ಬಳುಕುತ್ತದೆ, ತುಂಡಾಗುವುದಿಲ್ಲ.